25 ಲಕ್ಷದ ಮನೆ ಸಾಲ: ಬ್ಯಾಂಕು, ಹೌಸಿಂಗ್ ಫೈನಾನ್ಸ್, ಸೊಸೈಟಿ, ಓವರ್‌ಡ್ರಾಫ್ಟ್ – ಯಾವುದು ನಿಜಕ್ಕೂ ಎಷ್ಟಕ್ಕೆ ಬೀಳುತ್ತದೆ?

ಬೆಳಗಾವಿ ಕಡೆ ಮನೆ ಸಾಲಕ್ಕೆ ಹೊರಟವರ ಮೊದಲ ಪ್ರಶ್ನೆ, "ತಿಂಗಳಿಗೆ ಕಂತು ಎಷ್ಟು ಬೀಳ್ತದರಿ?" ಸಾಲ ಕೊಡುವವರಿಗೂ ಇದೇ ಪ್ರಶ್ನೆ ಬೇಕು. ಅವಧಿ ಎಳೆದರೆ ಯಾವ ಸಾಲದ ಕಂತನ್ನಾದರೂ ಸಣ್ಣದು ಮಾಡಿ ತೋರಿಸಬಹುದಲ್ಲ. 25 ಲಕ್ಷಕ್ಕೆ ಶೇ 8.5ರಂತೆ 15 ವರ್ಷದ ಕಂತು 24,618 ರೂಪಾಯಿ, 20 ವರ್ಷದ್ದು 21,696, 30 ವರ್ಷದ್ದು 19,223. ಹದಿನೈದು ಬಿಟ್ಟು ಮೂವತ್ತು ಹಿಡಿದರೆ ತಿಂಗಳಿಗೆ ಉಳಿಯುವುದು 5,400 ರೂಪಾಯಿಯ ಆಸುಪಾಸು. ಬಡ್ಡಿ ಮಾತ್ರ 19.3 ಲಕ್ಷದಿಂದ 44.2 ಲಕ್ಷಕ್ಕೆ ಏರುತ್ತದೆ.

ಹಾಗಂತ ಒಟ್ಟು ಬಡ್ಡಿಯನ್ನೇ ಅಳತೆಗೋಲು ಮಾಡಿಕೊಂಡರೂ ಮೋಸ ಹೋಗುತ್ತೀರಿ. ಸೊಸೈಟಿಯವರು ಅದೇ 25 ಲಕ್ಷವನ್ನು ಶೇ 12.5ಕ್ಕೆ 10 ವರ್ಷ ಕೊಟ್ಟರು ಅನ್ನಿ. ಒಟ್ಟು ಬಡ್ಡಿ 18.9 ಲಕ್ಷ. ಬ್ಯಾಂಕಿನ 15 ವರ್ಷದ 19.3 ಲಕ್ಷಕ್ಕಿಂತ ಕಡಿಮೆ! "ನೋಡ್ರಿ, ನಮ್ಮಲ್ಲೇ ಬಡ್ಡಿ ಕಮ್ಮಿ" ಎನ್ನಲು ಇಷ್ಟು ಸಾಕು. ಆದರೆ ಅಲ್ಲಿ ಕಂತು 36,594. ಅದೇ 36,594ನ್ನು ತಿಂಗಳಾ ಬ್ಯಾಂಕಿಗೆ ಕಟ್ಟಿದ್ದರೆ 94ನೇ ಕಂತಿಗೆ ಸಾಲ ಮುಗಿದು, ಬಡ್ಡಿ 9.3 ಲಕ್ಷಕ್ಕೆ ನಿಲ್ಲುತ್ತಿತ್ತು.

ಹಾಗಾಗಿ ಇಲ್ಲಿ ನಾವು ಹೋಲಿಸಿ ನೋಡಿದ್ದು ಬೇರೆ ರೀತಿ. ಸಾಲ ಒಂದೇ, 25 ಲಕ್ಷ. ತಿಂಗಳಿಗೆ ಕೈಬಿಡುವ ರೊಕ್ಕವೂ ಒಂದೇ, 25,000. ಯಾವುದು ಎಷ್ಟು ತಿಂಗಳಿಗೆ ಮುಗಿಯುತ್ತದೆ? ಮೊಬೈಲಿನ ಎಕ್ಸೆಲ್‌ನಲ್ಲಿ ಎನ್‌ಪಿಇಆರ್ (NPER) ಎಂಬ ಸೂತ್ರಕ್ಕೆ ತಿಂಗಳ ಬಡ್ಡಿ ದರ, ಕಂತು (ಮುಂದೆ ಮೈನಸ್ ಚಿಹ್ನೆ ಹಾಕಿ), ಸಾಲದ ಮೊತ್ತ ಕೊಟ್ಟರೆ ಉತ್ತರ ಬರುತ್ತದೆ. ದರವನ್ನು 12ರಿಂದ ಭಾಗಿಸಲು ಮರೆಯಬೇಡಿ. ಇಲ್ಲಿ ಹಿಡಿದ ದರಗಳು ಲೆಕ್ಕಕ್ಕಾಗಿ. ಇವತ್ತಿನ ಬ್ಯಾಂಕ್ ದರ ಇದಕ್ಕಿಂತ ಕಡಿಮೆ ಇರಬಹುದು, ಆದರೆ 15–20 ವರ್ಷದಲ್ಲಿ ದರ ಏರಿಳಿಯುವುದರಿಂದ ಇವತ್ತಿನ ಕನಿಷ್ಠವನ್ನೇ ನಂಬಿ ಕೂರುವುದು ಬೇಡ.

ಬ್ಯಾಂಕ್, ಶೇ 8.5: 175 ತಿಂಗಳು, ಬಡ್ಡಿ ಸುಮಾರು 18.6 ಲಕ್ಷ.
ಬ್ಯಾಂಕಿನ ಓವರ್‌ಡ್ರಾಫ್ಟ್ ಸಾಲ, ಶೇ 9: 186 ತಿಂಗಳು, ಬಡ್ಡಿ 21.4 ಲಕ್ಷ.
ಹೌಸಿಂಗ್ ಫೈನಾನ್ಸ್, ಶೇ 9.75: 207 ತಿಂಗಳು, ಬಡ್ಡಿ 26.7 ಲಕ್ಷ.
ಸೊಸೈಟಿ, ಶೇ 12.5: ಮುಗಿಯುವುದೇ ಇಲ್ಲ. ತಿಂಗಳ ಬಡ್ಡಿಯೇ 26,042.

ಬ್ಯಾಂಕ್

ವಾಣಿಜ್ಯ ಬ್ಯಾಂಕುಗಳ ಹೊಸ ಫ್ಲೋಟಿಂಗ್ (ದರ ಏರಿಳಿಯುವ) ಮನೆ ಸಾಲಗಳು 2019ರ ಅಕ್ಟೋಬರ್‌ನಿಂದ ಹೊರಗಿನ ಮಾನದಂಡಕ್ಕೆ, ಹೆಚ್ಚಾಗಿ ರೆಪೊ ದರಕ್ಕೆ (ರಿಸರ್ವ್ ಬ್ಯಾಂಕು ಬ್ಯಾಂಕುಗಳಿಗೆ ಸಾಲ ಕೊಡುವ ದರ), ಕಟ್ಟುಬಿದ್ದಿವೆ. ಕನಿಷ್ಠ ಮೂರು ತಿಂಗಳಿಗೊಮ್ಮೆ ದರವನ್ನು ಆ ಮಾನದಂಡಕ್ಕೆ ಸರಿಹೊಂದಿಸಲೇಬೇಕು. 2025ರಲ್ಲಿ ರೆಪೊ 6.50ರಿಂದ 5.25ಕ್ಕೆ ಇಳಿದಾಗ ಈ ಸಾಲಗಳಿಗೆ ಲಾಭ ಬೇಗ ಸಿಕ್ಕಿದ್ದು ಇದೇ ಕಾರಣಕ್ಕೆ.

ಏರುವಾಗಲೂ ಅಷ್ಟೇ ಬೇಗ ಏರುತ್ತದೆ, ಅಪಾಯ ಇರುವುದು ಅಲ್ಲಿ. 2022ರ ಮೇ ತಿಂಗಳಿಂದ 2023ರ ಫೆಬ್ರುವರಿಯೊಳಗೆ ರೆಪೊ 4.00ರಿಂದ 6.50ಕ್ಕೆ ಹೋಯಿತು. ಶೇ 7ಕ್ಕೆ 20 ವರ್ಷದ 25 ಲಕ್ಷ ತೆಗೆದವರ ಕಂತು 19,382. ದರ ಶೇ 9.5 ಆದಾಗ 25 ಲಕ್ಷದ ಮೇಲಿನ ತಿಂಗಳ ಬಡ್ಡಿ 19,792. ಕಂತು ಅಷ್ಟೇ ಇಟ್ಟು ಅವಧಿ ಬೆಳೆಸುತ್ತಾ ಹೋದ ಖಾತೆಗಳಲ್ಲಿ ಕಂತು ಬಡ್ಡಿಗೂ ಸಾಕಾಗದ ಹಂತ ಬಂತು, ಅಸಲು ಕರಗುವ ಬದಲು ಬೆಳೆಯತೊಡಗಿತು. ಪಗಾರದಿಂದ ಪ್ರತಿ ತಿಂಗಳು ಕಂತು ಹೋಗುತ್ತಲೇ ಇರುವುದರಿಂದ ಸ್ಟೇಟ್‌ಮೆಂಟ್ ತೆಗೆದು ನೋಡದವರಿಗೆ ಇದು ಗೊತ್ತೇ ಆಗುವುದಿಲ್ಲ. 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಹೊರಡಿಸಿದ ಆದೇಶದಂತೆ, ದರ ಬದಲಾದಾಗ ಕಂತು ಏರಿಸಬೇಕೋ, ಅವಧಿ ಬೆಳೆಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಎಂದು ಆರಿಸುವ ಹಕ್ಕು ಸಾಲಗಾರರದು. ಆಗುವಷ್ಟು ಕಂತು ಏರಿಸಿ ಎಂದು ಬರೆದುಕೊಡಿ. ದರ ಇಳಿದಾಗ ಮಾತ್ರ ಕಂತು ಇಳಿಸಲು ಹೋಗಬೇಡಿ, ಅವಧಿ ತಾನಾಗಿ ಕಿರಿದಾಗುತ್ತದೆ.

ಇನ್ನೊಂದು ಸಂಗತಿ ಸ್ಪ್ರೆಡ್, ಅಂದರೆ ರೆಪೊ ಮೇಲೆ ಬ್ಯಾಂಕು ಸೇರಿಸುವ ಅಂಶ. ಹೊಸ ಗಿರಾಕಿಗೆ ಕಡಿಮೆ ಸ್ಪ್ರೆಡ್, ಐದು ವರ್ಷದ ಹಿಂದಿನ ಗಿರಾಕಿಗೆ ಹಳೆಯದೇ ಮುಂದುವರಿಯುವುದು ಸಾಮಾನ್ಯ. ಶಾಖೆಗೆ ಹೋಗಿ ದರ ಪರಿವರ್ತನೆಗೆ ಅರ್ಜಿ ಕೊಟ್ಟು, ಒಂದು ಸಲದ ಶುಲ್ಕ ಕಟ್ಟಿದರೆ ಅದೇ ಬ್ಯಾಂಕಿನಲ್ಲೇ ಇಳಿಯುತ್ತದೆ. ಬೇರೆ ಬ್ಯಾಂಕಿಗೆ ಸಾಲ ವರ್ಗಾಯಿಸಿದರೆ ವಕೀಲರ ವರದಿ, ಮೌಲ್ಯಮಾಪನ, ಪ್ರೊಸೆಸಿಂಗ್ ಶುಲ್ಕ, ಹಕ್ಕುಪತ್ರ ಠೇವಣಿಯ (ಮನೆಯ ಮೂಲ ಕಾಗದ ಒತ್ತೆ ಇಡುವ ಕರಾರಿನ) ಸ್ಟಾಂಪ್ ಎಲ್ಲ ಮತ್ತೊಮ್ಮೆ. ಬಾಕಿ 10 ಲಕ್ಷದೊಳಗಿದ್ದು ಅಂತರ ಶೇ ಅರ್ಧಕ್ಕಿಂತ ಕಡಿಮೆ ಇದ್ದರೆ ಆ ಓಡಾಟಕ್ಕೆ ಬೆಲೆಯಿಲ್ಲ ಎಂಬುದು ನಮ್ಮ ಅಭಿಪ್ರಾಯ.

ಓವರ್‌ಡ್ರಾಫ್ಟ್

ಎಸ್‌ಬಿಐ ಮ್ಯಾಕ್ಸ್‌ಗೇನ್ ಮಾದರಿಯ ಸಾಲ. ಖಾತೆಯಲ್ಲಿ ಹೆಚ್ಚುವರಿ ರೊಕ್ಕ ಇದ್ದಷ್ಟು ದಿನ ಅಷ್ಟರ ಮೇಲೆ ಬಡ್ಡಿ ಬೀಳುವುದಿಲ್ಲ, ಬೇಕಾದಾಗ ತೆಗೆಯಬಹುದು. ದರ ಸಾಮಾನ್ಯ ಸಾಲಕ್ಕಿಂತ ಸ್ವಲ್ಪ ಜಾಸ್ತಿ. ಜಮಖಂಡಿ, ಮುಧೋಳದ ಕಡೆ ಕಬ್ಬಿನ ಬಿಲ್ ಬರುವವರಿಗೆ, ತಿಕೋಟಾ ಕಡೆಯ ಒಣದ್ರಾಕ್ಷಿ ವ್ಯಾಪಾರದವರಿಗೆ, ಬೆಳಗಾವಿ ಶಹಾಪುರದ ಸೀರೆ ಅಂಗಡಿಯವರಿಗೆ ಇದು ಹೊಂದುತ್ತದೆ. ರೊಕ್ಕ ಒಮ್ಮೆಲೇ ಬಂದು ಮುಂದಿನ ಹಂಗಾಮಿನ ಖರ್ಚಿಗೆ ಹೋಗುವ ತನಕ ಖಾಲಿ ಬಿದ್ದಿರುತ್ತದಲ್ಲ.

ಆದರೆ ಮಾರುವವರು ಹೇಳುವಷ್ಟು ಲಾಭ ಇಲ್ಲ. ಖಾತೆಯಲ್ಲಿ ಸದಾ 3 ಲಕ್ಷ ಇಟ್ಟು ತಿಂಗಳಿಗೆ 25,000 ಕಟ್ಟಿದರೆ ಶೇ 9ರ ಓವರ್‌ಡ್ರಾಫ್ಟ್ 145ನೇ ತಿಂಗಳಿಗೆ ಮುಗಿಯುತ್ತದೆ. ಅದೇ 3 ಲಕ್ಷವನ್ನು ಶೇ 8.5ರ ಸಾಮಾನ್ಯ ಸಾಲಕ್ಕೆ ಮೊದಲೇ ಕಟ್ಟಿಬಿಟ್ಟರೆ 139ನೇ ತಿಂಗಳಿಗೇ ಮುಗಿಯುತ್ತದೆ. ಬೇಕಾದಾಗ ರೊಕ್ಕ ವಾಪಸ್ ತೆಗೆಯುವ ಅನುಕೂಲಕ್ಕೆ ಆರು ತಿಂಗಳ ಕಂತು, ಸುಮಾರು ಒಂದೂವರೆ ಲಕ್ಷ, ಕೊಟ್ಟಂತೆ. ಖಾತೆ ಬರಿದಾಗಿಯೇ ಇರುವ ಮನೆಗೆ ಇದು ಬರೀ ದುಬಾರಿ ಸಾಲ.

ಹೌಸಿಂಗ್ ಫೈನಾನ್ಸ್

ಐಟಿ ರಿಟರ್ನ್ ಇಲ್ಲದ ಕಿರಾಣಿ ಅಂಗಡಿಯವರು, ನಗದಿನಲ್ಲೇ ವ್ಯವಹಾರ ನಡೆಸುವವರು ಇಲ್ಲಿಗೇ ಬರುತ್ತಾರೆ, ಬೇರೆ ದಾರಿ ಇರುವುದಿಲ್ಲ. ಕೆಲಸ ಬೇಗ ಆಗುತ್ತದೆ. ದರ ರೆಪೊಗೆ ಕಡ್ಡಾಯವಾಗಿ ಅಂಟಿಲ್ಲ, ಕಂಪನಿಯದೇ ಮೂಲ ದರಕ್ಕೆ ಅಂಟಿದೆ. ಏರಿಸಲು ಅವಸರ, ಇಳಿಸಲು ಸಾವಕಾಶ. ಎರಡು ಮೂರು ವರ್ಷ ಕಂತು ತಪ್ಪದೆ ಕಟ್ಟಿ, ರಿಟರ್ನ್ ಸಲ್ಲಿಸುತ್ತಾ ಬಂದು, ಆಮೇಲೆ ಬ್ಯಾಂಕಿಗೆ ವರ್ಗಾಯಿಸುವ ಯೋಜನೆ ಇಟ್ಟುಕೊಂಡೇ ಇಲ್ಲಿ ಸಾಲ ಮಾಡುವುದು ಜಾಣತನ. ವ್ಯಕ್ತಿಗಳ ಫ್ಲೋಟಿಂಗ್ ಮನೆ ಸಾಲಕ್ಕೆ ಬ್ಯಾಂಕಾಗಲಿ ಹೌಸಿಂಗ್ ಫೈನಾನ್ಸ್ ಆಗಲಿ ಅವಧಿಗೆ ಮೊದಲೇ ತೀರಿಸಿದ್ದಕ್ಕೆ ದಂಡ ಹಾಕುವಂತಿಲ್ಲ. ಕೆಲವು ವರ್ಷ ಫಿಕ್ಸೆಡ್, ಆಮೇಲೆ ಫ್ಲೋಟಿಂಗ್ ಎನ್ನುವ ಕರಾರಿದ್ದರೆ ಫಿಕ್ಸೆಡ್ ಅವಧಿಯ ಷರತ್ತನ್ನು ಬೇರೆಯಾಗಿ ಓದಬೇಕು.

ಸೊಸೈಟಿ

ಇಲ್ಲಿ ಎರಡು ಬಗೆ. ಅರ್ಬನ್ ಸಹಕಾರಿ ಬ್ಯಾಂಕು, ಡಿಸಿಸಿ (ಜಿಲ್ಲಾ ಕೇಂದ್ರ ಸಹಕಾರಿ) ಬ್ಯಾಂಕು ರಿಸರ್ವ್ ಬ್ಯಾಂಕಿನ ನಿಯಮಕ್ಕೆ ಒಳಪಟ್ಟಿವೆ. ಪತ್ತಿನ ಸಹಕಾರಿ ಸಂಘ, ಸೌಹಾರ್ದ ಸಹಕಾರಿಗಳು ರಾಜ್ಯದ ಸಹಕಾರ ಕಾಯ್ದೆಗಳಡಿ ಬರುತ್ತವೆ. ಮೇಲೆ ಹೇಳಿದ ರಿಸರ್ವ್ ಬ್ಯಾಂಕಿನ ರಕ್ಷಣೆಗಳು ಅವಕ್ಕೆ ಅನ್ವಯಿಸುವುದಿಲ್ಲ. ಅವಧಿಗೆ ಮೊದಲು ತೀರಿಸಿದರೆ ಏನು, ಕಂತು ತಪ್ಪಿದರೆ ಏನು ಎಂಬುದೆಲ್ಲ ಅವರ ಕರಾರಿನಲ್ಲಿ ಇದ್ದಷ್ಟೇ.

ಬಡ್ಡಿ ಲೆಕ್ಕ ಹಾಕುವ ರೀತಿಯನ್ನು ಕೇಳಲೇಬೇಕು. ಕಟ್ಟಿದ ಅಸಲನ್ನು ತಿಂಗಳಿಗೊಮ್ಮೆ ಬಾಕಿಯಿಂದ ಕಳೆಯುವ ಲೆಕ್ಕವೋ, ವರ್ಷಕ್ಕೊಮ್ಮೆಯೋ? ಶೇ 9ರ ದರದಲ್ಲಿ 20 ವರ್ಷಕ್ಕೆ ತಿಂಗಳ ಲೆಕ್ಕದ ಕಂತು 22,493, ವರ್ಷದ ಲೆಕ್ಕದ್ದು 22,822. ದರ ಒಂದೇ ಆದರೂ ಕೊನೆಗೆ 79,000 ರೂಪಾಯಿ ವ್ಯತ್ಯಾಸ. ಇನ್ನು ಫ್ಲಾಟ್ ದರ (ಬಾಕಿ ಇಳಿದರೂ ಮೊದಲ ಸಾಲದ ಪೂರ್ತಿ ಮೊತ್ತದ ಮೇಲೇ ಬಡ್ಡಿ) ಎಂದರೆ ಎದ್ದು ಬರುವುದೇ ಒಳ್ಳೆಯದು. 10 ಲಕ್ಷಕ್ಕೆ ಶೇ 8 ಫ್ಲಾಟ್, 10 ವರ್ಷ ಅಂದರೆ ಬಡ್ಡಿ 8 ಲಕ್ಷ, ಕಂತು 15,000. ಇಳಿಯುವ ಬಾಕಿಯ ಲೆಕ್ಕದಲ್ಲಿ ಅದು ಶೇ 13.1.

ಹಾಗಿದ್ದೂ ಜನ ಸೊಸೈಟಿಗೆ ಯಾಕೆ ಹೋಗುತ್ತಾರೆ? ಕಾಗದದ ಸಲುವಾಗಿ. ಎನ್‌ಎ (ಕೃಷಿಯೇತರ ಪರಿವರ್ತನೆ) ಆಗದ ಜಮೀನಿನಲ್ಲಿ ಗುಂಟೆ ಲೆಕ್ಕದಲ್ಲಿ, ಬಾಂಡ್ ಪೇಪರ್ ಮೇಲೆ ತೆಗೆದುಕೊಂಡ ಪ್ಲಾಟಿಗೆ ಬ್ಯಾಂಕು ಸಾಲ ಕೊಡುವುದಿಲ್ಲ. ಅಗ್ಗಕ್ಕೆ ಸಿಕ್ಕಿತೆಂದು ಹಿಗ್ಗಿದ ಪ್ಲಾಟಿನ ಬೆಲೆ ಆಮೇಲೆ ಬಡ್ಡಿಯ ರೂಪದಲ್ಲಿ ವಸೂಲಾಗುತ್ತದೆ. ಮೇಲಿನ 36,594ರ ಕಂತಿನ ಲೆಕ್ಕದಲ್ಲಿ ಬ್ಯಾಂಕಿಗೂ ಸೊಸೈಟಿಗೂ ಅಂತರ 9.6 ಲಕ್ಷ. ಪ್ಲಾಟು ಕೊಳ್ಳುವ ಮುಂಚೆಯೇ ಎನ್‌ಎ ಆದೇಶ, ಮಂಜೂರಾದ ಲೇಔಟ್ ನಕ್ಷೆ, ಸಿಟಿ ಸರ್ವೆ ಉತಾರ ಅಥವಾ ಇ-ಖಾತೆ, ಋಣಭಾರ ಪತ್ರ ಕೇಳಿ. ನಮ್ಮ ಬೆಳಗಾವಿ, ಬಾಗಲಕೋಟೆ, ವಿಜಯಪುರ ಜಿಲ್ಲೆಗಳ ಭಾಗ ಹಿಂದೆ ಮುಂಬೈ ಪ್ರಾಂತ್ಯದಲ್ಲಿತ್ತು. ಹಾಗಾಗಿ ಬೆಳಗಾವಿಯ ಹಳೆ ಪೇಟೆಯ ಮನೆಗಳಿಗೆ ಮರಾಠಿ ಕಾಗದಗಳು ಬಂದರೆ ಅನುವಾದ ಮಾಡಿಸಿ ವಕೀಲರಿಗೆ ಕೊಡುವಷ್ಟು ಸಮಯ ಇಟ್ಟುಕೊಳ್ಳಿ.

ದರದ ಹೊರಗಿನ ಖರ್ಚು

30 ಲಕ್ಷದ ಮನೆಗೆ ಬ್ಯಾಂಕು ಶೇ 90ರ ತನಕ ಕೊಡಬಹುದು, ಆದರೆ 10 ಲಕ್ಷ ದಾಟಿದ ಮನೆಗೆ ನೋಂದಣಿ ಖರ್ಚು ಅದರಲ್ಲಿ ಸೇರುವುದಿಲ್ಲ. ಕರ್ನಾಟಕದಲ್ಲಿ ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ 1ರಿಂದ 2 ಆಗಿದೆ. ಶೇ 5ರ ಮುದ್ರಾಂಕ, ಅದರ ಮೇಲಿನ ಸೆಸ್, ಸರ್‌ಚಾರ್ಜ್ ಸೇರಿ ನಗರದಲ್ಲಿ ಶೇ 7.6. ಅಂದರೆ 2.28 ಲಕ್ಷ ಕೈಯಿಂದ. ಇದನ್ನು ಲೆಕ್ಕಕ್ಕೆ ಹಿಡಿಯದವರು ಕೊನೆಗಳಿಗೆಯಲ್ಲಿ ಪರ್ಸನಲ್ ಲೋನ್ ತೆಗೆದು ಎರಡೆರಡು ಕಂತಿಗೆ ಸಿಕ್ಕಿಕೊಳ್ಳುತ್ತಾರೆ.

ಸಾಲದ ಜೊತೆ ಅಂಟಿಸುವ ವಿಮೆ ಇನ್ನೊಂದು. 60,000ದ ಏಕಗಂಟಿನ ಪ್ರೀಮಿಯಂ ಅನ್ನು ಸಾಲಕ್ಕೇ ಸೇರಿಸಿದರೆ ಕಂತಿನಲ್ಲಿ ಹೆಚ್ಚುವುದು 521 ರೂಪಾಯಿ, ಯಾರ ಕಣ್ಣಿಗೂ ಬೀಳುವುದಿಲ್ಲ. 20 ವರ್ಷಕ್ಕೆ ಕಟ್ಟಿದ್ದು 1.25 ಲಕ್ಷ. ವಿಮೆ ಬೇಕೇ ಬೇಕು, ಆದರೆ ಸಾಲ ಕೊಡುವವರ ಹತ್ತಿರವೇ ತೆಗೆಯಬೇಕೆಂಬ ನಿಯಮವಿಲ್ಲ. ಟರ್ಮ್ ಪಾಲಿಸಿ ಬೇರೆಯಾಗಿ ಮಾಡಿಸಿ.

ಇದೆಲ್ಲ ಒಂದೇ ಹಾಳೆಯಲ್ಲಿ ಕಾಣುವ ಜಾಗ ಕೆಎಫ್‌ಎಸ್ (ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್, ಸಾಲದ ಮುಖ್ಯ ವಿವರಗಳ ಪಟ್ಟಿ). ಬ್ಯಾಂಕು, ಹೌಸಿಂಗ್ ಫೈನಾನ್ಸ್‌ಗಳು 2024ರ ಅಕ್ಟೋಬರ್ 1ರಿಂದ ಇದನ್ನು ಸಾಲಗಾರನಿಗೆ ತಿಳಿಯುವ ಭಾಷೆಯಲ್ಲಿ ಕೊಡಲೇಬೇಕು. ಕನ್ನಡದಲ್ಲೇ ಕೇಳಿ. ಅದರಲ್ಲಿ ಎಪಿಆರ್ ಎಂಬ ಸಾಲು ಹುಡುಕಿ: ಬಡ್ಡಿಯ ಜೊತೆ ಪ್ರೊಸೆಸಿಂಗ್, ವಿಮೆ, ಕಾನೂನು ಶುಲ್ಕ ಸೇರಿದ ವಾರ್ಷಿಕ ದರ. ಜಾಹೀರಾತಿನ ದರಕ್ಕೂ ಎಪಿಆರ್‌ಗೂ ಅಂತರ ಹೆಚ್ಚಿದ್ದರೆ ಎಲ್ಲಿ ಏನು ಸೇರಿದೆ ಎಂದು ಕೆಳಗಿನ ಸಾಲುಗಳಲ್ಲೇ ಗೊತ್ತಾಗುತ್ತದೆ.

ತೆರಿಗೆ ಉಳಿತಾಯದ ಮಾತು ಈಗ ಹಳತಾಯಿತು. ಹೊಸ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ವಿನಾಯಿತಿ ಇಲ್ಲ. ಬದಲಿಗೆ ಪ್ರಧಾನಮಂತ್ರಿ ಆವಾಸ್ ನಗರ 2.0ರ ಬಡ್ಡಿ ಸಹಾಯಧನ ನೋಡಿ: ವರ್ಷದ ಆದಾಯ 9 ಲಕ್ಷದೊಳಗೆ, ಮನೆ 35 ಲಕ್ಷದೊಳಗೆ, ಸಾಲ 25 ಲಕ್ಷದೊಳಗೆ ಇದ್ದು ಬೇರೆ ಪಕ್ಕಾ ಮನೆ ಇಲ್ಲದವರಿಗೆ ಐದು ವಾರ್ಷಿಕ ಕಂತಿನಲ್ಲಿ ಗರಿಷ್ಠ 1.80 ಲಕ್ಷ.

ಬೇಗ ಕಟ್ಟಿದರೆ

ಶೇ 8.5, 20 ವರ್ಷದ ಸಾಲದ ಮೊದಲ ಕಂತು 21,696ರಲ್ಲಿ ಬಡ್ಡಿ 17,708, ಅಸಲಿಗೆ ಹೋಗುವುದು 3,988. ಐದು ವರ್ಷ, ಅಂದರೆ 13 ಲಕ್ಷ ಕಟ್ಟಿದ ಮೇಲೂ ಬಾಕಿ 22 ಲಕ್ಷ. ಹತ್ತು ವರ್ಷಕ್ಕೆ ಹದಿನೇಳೂವರೆ. ಹಾಗಾಗಿ ಮೊದಲ ವರ್ಷಗಳಲ್ಲಿ ಕಟ್ಟುವ ಹೆಚ್ಚುವರಿ ರೊಕ್ಕಕ್ಕೆ ತೂಕ ಜಾಸ್ತಿ. ಮೊದಲ ವರ್ಷದ ಕೊನೆಗೆ 1 ಲಕ್ಷ ಕಟ್ಟಿದರೆ ಕೊನೆಯ 21 ಕಂತು ಹೋಗುತ್ತವೆ, ಹತ್ತನೇ ವರ್ಷದ ಕೊನೆಗೆ ಕಟ್ಟಿದರೆ ಹತ್ತೇ. ದೀಪಾವಳಿ ಬೋನಸ್ಸೋ ಕಬ್ಬಿನ ಬಿಲ್ಲೋ, ವರ್ಷಕ್ಕೊಂದು ಕಂತು ಹೆಚ್ಚಿಗೆ ಕಟ್ಟಿದರೆ 240 ಕಂತಿನ ಸಾಲ 201ಕ್ಕೆ ಮುಗಿದು 5 ಲಕ್ಷಕ್ಕೂ ಹೆಚ್ಚು ಉಳಿಯುತ್ತದೆ.

ಇಲ್ಲಿ ತಪ್ಪುವುದು ಒಂದೇ ಕಡೆ. ಕೌಂಟರಿನಲ್ಲಿ ಕಟ್ಟಿ ಬಂದರೆ ಕೆಲವೆಡೆ ಅದು ಮುಂಗಡ ಕಂತೆಂದು ಜಮೆಯಾಗುತ್ತದೆ, ಅಸಲಿಗೆ ಹೋಗುವುದಿಲ್ಲ. "ಅಸಲಿಗೆ ಭಾಗಶಃ ಪಾವತಿ, ಕಂತು ಇಳಿಸದೆ ಅವಧಿ ಇಳಿಸಿ" ಎಂದು ಬರೆದುಕೊಟ್ಟು, ವಾರದ ನಂತರ ಹೊಸ ಮರುಪಾವತಿ ಪಟ್ಟಿ ತೆಗೆಸಿಕೊಳ್ಳಿ. ಹಂತ ಹಂತವಾಗಿ ಮನೆ ಕಟ್ಟಿಸುವವರು ಇನ್ನೂ ಎಚ್ಚರ ಇರಬೇಕು. ಪಾಯ, ಲಿಂಟಲ್, ಸ್ಲ್ಯಾಬ್ ಎಂದು ಸಾಲ ಬಿಡುಗಡೆಯಾಗುವ ತನಕ ಕಟ್ಟುವುದು ಬರೀ ಬಡ್ಡಿ. ಕೆಲಸ ನಿಂತರೆ ಆ ಬಡ್ಡಿ ನಿಲ್ಲುವುದಿಲ್ಲ. ಪೂರ್ಣ ಕಂತು ಕೂಡಲೇ ಶುರು ಮಾಡಿ ಎಂದು ಕೇಳಬಹುದು.

ಸಾಲ ಮುಗಿದ 30 ದಿನದೊಳಗೆ ಬ್ಯಾಂಕು, ಹೌಸಿಂಗ್ ಫೈನಾನ್ಸ್‌ಗಳು ಮೂಲ ಕಾಗದಪತ್ರ ವಾಪಸ್ ಕೊಡಬೇಕು. ಅವರ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ. ಕಾಗದ ಬಂದ ಮೇಲೆ ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಹಕ್ಕುಪತ್ರ ಠೇವಣಿ ರದ್ದು ಮಾಡಿಸಿ, ಉತಾರದಲ್ಲಿ ಬೋಜಾ (ಸಾಲದ ನಮೂದು) ಇದ್ದರೆ ತೆಗೆಸಿ, ಹೊಸ ಋಣಭಾರ ಪತ್ರ ತೆಗೆದು ನೋಡಿ.