ಆಸ್ಟಿಗ್ಮ್ಯಾಟಿಕ್: ಡ್ರಮ್ಸ್‌ಗಾಗಿಯೇ ಕೇಳಬೇಕಾದ ಎಲ್‌ಪಿ

ಪೋಲೆಂಡ್‌ನ ಜಾಜ್ ಪಿಯಾನೋ ವಾದಕ ಕ್ರಿಸ್ಟೋಫ್ ಕೊಮೆಡಾ 1965ರ ಡಿಸೆಂಬರ್‌ನಲ್ಲಿ ವಾರ್ಸಾದಲ್ಲಿ ರೆಕಾರ್ಡ್ ಮಾಡಿದ ಈ ಎಲ್‌ಪಿಯಲ್ಲಿ (ಸೂಜಿಯಿಂದ ನುಡಿಸುವ ದೊಡ್ಡ ಗ್ರಾಮಫೋನ್ ತಟ್ಟೆ) ಇರುವುದು ಮೂರೇ ರಚನೆ. ಡ್ರಮ್ಸ್ ಸ್ವೀಡನ್‌ನ ರೂನೆ ಕಾರ್ಲ್‌ಸನ್ ಅವರದು. ಎರಡನೇ ಬದಿಯ ‘ಕಟ್ಟೊರ್ನಾ’ದ ಮೂಲ ಹೆನ್ನಿಂಗ್ ಕಾರ್ಲ್‌ಸೆನ್ ಅವರ ಸ್ವೀಡಿಷ್ ಸಿನಿಮಾ. ಕಿವಿಗೆ ಬೇಗ ಹತ್ತುವುದೂ ಅದೇ, ಮೊದಲು ಅದನ್ನೇ ಹಾಕಿ. ಆಮೇಲೆ ಮೊದಲ ಬದಿ: 20 ನಿಮಿಷ ಮೀರಿದ ಒಂದೇ ರಚನೆ. ಕೈಯಲ್ಲಿ ತಾಳ ಹಾಕಲು ಹೊರಟರೆ ತಪ್ಪುತ್ತದೆ. ಡ್ರಮ್ಮರ್ ಕಾರ್ಲ್‌ಸನ್ ಬರೀ ಲೆಕ್ಕ ಒಪ್ಪಿಸುವವರಲ್ಲ, ಸೋಲೋ ನುಡಿಸುವವರಿಗೆ ಸ್ನೇರ್‌ನಲ್ಲೇ (ಚುರುಕು ಸದ್ದಿನ ಚಿಕ್ಕ ಡ್ರಮ್) ಎದುರುತ್ತರ ಕೊಡುತ್ತಾರೆ. ರೈಡ್ ಸಿಂಬಲ್‌ನ, ಅಂದರೆ ಲಯ ಹಿಡಿದು ಸಾಗುವ ದೊಡ್ಡ ಲೋಹದ ತಟ್ಟೆಯ, ಸದ್ದನ್ನೇ ಕಿವಿಯಲ್ಲಿ ಹಿಡಿದು ಹೋಗಿ.

ಹಳೆಯ ಪ್ರತಿ ಕೊಳ್ಳುವುದಾದರೆ ಪ್ರತಿ ಬದಿಯ ಕೊನೆಯ ಐದು ನಿಮಿಷ ಕೇಳಿಯೇ ದುಡ್ಡು ಕೊಡಿ. ಲೇಬಲ್ ಹತ್ತಿರ ಬಂದಂತೆ ಸೂಜಿಯಡಿ ಗ್ರೂವ್ (ಸದ್ದು ಅಡಗಿರುವ ಗೆರೆ) ಓಡುವ ವೇಗ ಕಡಿಮೆ. ಸವೆದಿದ್ದರೆ ಸಿಂಬಲ್ ‘ಸ್ಸ್’ ಎಂದು ಒಡೆಯುತ್ತದೆ. ಪಿಯಾನೋಗಿಂತ ಮೊದಲು ಕೆಡುವುದು ಅದೇ.