ಜಜ್ಜಿದ ಸೌತೆ, ಹೆಚ್ಚಿದ ಸೌತೆ, ಕುಟ್ಟಿದ ಸೌತೆ: ಮೂರು ದೇಶದ ಖಾರ, ಒಂದೇ ಅಡುಗೆಮನೆ

ಗಣಪತಿ ಹಬ್ಬ ಮುಗಿದ ಮಾರನೇ ವಾರ ತೀರ್ಥಹಳ್ಳಿ ಕಡೆಯ ತವರುಮನೆಯಿಂದ ಅಮ್ಮ ಬಂದಳು, ಜೊತೆಗೆ ಒಂದು ಚೀಲ ಸೌತೆಕಾಯಿ. ಮಳೆಗಾಲದಲ್ಲಿ ಹಿತ್ತಲ ಚಪ್ಪರಕ್ಕೆ ಹಬ್ಬಿಸಿದ ಬಳ್ಳಿ ಅದು, ಎರಡು ದಿನ ಕೊಯ್ಯದೆ ಬಿಟ್ಟರೆ ಕಾಯಿ ಬಲಿತುಹೋಗುತ್ತದೆ, ಹಾಗಾಗಿ ಅಕ್ಕಪಕ್ಕದವರಿಗೆಲ್ಲ ಹಂಚಿ ಮಿಕ್ಕಿದ್ದು ಶಿವಮೊಗ್ಗಕ್ಕೆ ಬರುತ್ತದೆ. ಕೋಸಂಬರಿ ಆಯ್ತು, ಮೊಸರು ಹಾಕಿ ಪಚಡಿ ಆಯ್ತು, ತುರಿದು ಅಕ್ಕಿರೊಟ್ಟಿಗೂ ಹಾಕಿದ್ದಾಯ್ತು. ಇನ್ನೂ ಅರ್ಧ ಚೀಲ ಉಳಿದಿತ್ತು. ಬಹಳ ದಿನದಿಂದ ಮನಸ್ಸಲ್ಲಿದ್ದ ಕೆಲಸಕ್ಕೆ ಆಗ ಕೈ ಹಾಕಿದೆ. ಚೀನಾ, ಕೊರಿಯಾ, ಥಾಯ್ಲೆಂಡ್, ಈ ಮೂರು ಕಡೆಯವರು ಮಾಡುವ ಖಾರದ ಸೌತೆಕಾಯಿ ಸಲಾಡನ್ನು ಒಂದಾದ ಮೇಲೊಂದು ಮಾಡಿ ನೋಡುವುದು. ಪ್ರತಿ ಸಲ ಅರ್ಧ ಕೆಜಿ ಕಾಯಿ, ತಿಂದು ಹೇಳುವವರು ಅದೇ ನಾಲ್ಕು ಜನ.

ಮೊದಲೇ ಹೇಳಿಬಿಡುತ್ತೇನೆ. ರುಚಿಯಲ್ಲಿ ನನ್ನ ಮಟ್ಟಿಗೆ ಗೆದ್ದಿದ್ದು ಚೀನಾದವರ ಜಜ್ಜಿದ ಸೌತೆ. ಆದರೆ ಈಗ ವಾರಕ್ಕೆರಡು ಸಲ ಮಾಡುತ್ತಿರುವುದು ಕೊರಿಯಾದ್ದು.

ಮೂರಕ್ಕಿಂತ ಮುಂಚೆ ಉಪ್ಪಿನ ಮಾತು ಆಡಲೇಬೇಕು, ಯಾಕಂದ್ರೆ ನಾನು ಕಲಿತ ದೊಡ್ಡ ಪಾಠ ಅಲ್ಲಿದೆ. ನಮ್ಮಲ್ಲಿ ಕೋಸಂಬರಿಗೆ ಉಪ್ಪು ಕೊನೆಗೆ. ಬಡಿಸುವ ಹೊತ್ತಿಗೆ ಹಾಕು, ಇಲ್ಲಾಂದ್ರೆ ನೀರು ಬಿಡುತ್ತೆ ಅಂತ ಎಲ್ಲ ಅಮ್ಮಂದಿರೂ ಹೇಳಿಕೊಟ್ಟಿರುತ್ತಾರೆ, ಅಲ್ವಾ? ಚೀನಾದವರು ಮಾಡುವುದು ಇದರ ಉಲ್ಟಾ. ಉಪ್ಪು ಮೊದಲು. ನೀರು ಬಿಡಲಿ ಅಂತಲೇ ಹಾಕುವುದು, ಬಿಟ್ಟ ನೀರನ್ನು ಬಸಿದು ತೆಗೆಯುವುದು. ಸೌತೆಕಾಯಿಯಲ್ಲಿ ನೂರಕ್ಕೆ 95 ಭಾಗ ನೀರೇ ಇರುತ್ತದೆ. ನಾನು ಮೊದಲ ಸಲ ಉಪ್ಪು ಹಚ್ಚಿಡದೆ ನೇರವಾಗಿ ಮಸಾಲೆ ಕಲಸಿದೆ. ಹತ್ತು ನಿಮಿಷಕ್ಕೆ ಸೋಯಾ, ಹುಳಿ, ಖಾರ ಎಲ್ಲ ಬಟ್ಟಲಿನ ತಳದಲ್ಲಿ ಕೆಂಪು ನೀರಾಗಿ ನಿಂತಿತು, ಮೇಲಿನ ಹೋಳು ಸಪ್ಪೆ ಸಪ್ಪೆ. ಮಾರನೇ ದಿನ ಅರ್ಧ ಕೆಜಿಗೆ ಮುಕ್ಕಾಲು ಸಣ್ಣ ಚಮಚ ಉಪ್ಪು ಹಚ್ಚಿ, ಜರಡಿ ಬುಟ್ಟಿಯಲ್ಲಿ ಹಾಕಿ, ಕೆಳಗೆ ಪಾತ್ರೆ ಇಟ್ಟು 20 ನಿಮಿಷ ಬಿಟ್ಟೆ. ಟೀ ಲೋಟದ ಅರ್ಧದಷ್ಟು ನೀರು ಇಳಿದಿತ್ತು. ಹೋಳು ಸ್ವಲ್ಪ ಬಾಗುತ್ತಿತ್ತು, ಕಚ್ಚಿದರೆ ಮೊದಲಿಗಿಂತ ಜಾಸ್ತಿ ಕರುಂ ಅನ್ನುತ್ತಿತ್ತು. ಆ ನೀರನ್ನು ಚೆಲ್ಲಬೇಡಿ, ಮಜ್ಜಿಗೆಗೆ ಹಾಕಿದರೆ ಬೇರೆ ಉಪ್ಪು ಬೇಡ.

ಈಗ ಜಜ್ಜಿದ ಸೌತೆ. ಚೀನಾದಲ್ಲಿ ಇದನ್ನು ಪಾಯ್ ಹುವಾಂಗ್ ಗುವಾ ಅನ್ನುತ್ತಾರೆ. ಪಾಯ್ ಅಂದರೆ ಹೊಡೆಯುವುದು, ಹುವಾಂಗ್ ಗುವಾ ಅಂದರೆ ಸೌತೆಕಾಯಿ. ಅವರು ಅಗಲವಾದ ಕತ್ತಿಯನ್ನು ಅಡ್ಡ ಹಿಡಿದು ಹೊಡೆಯುತ್ತಾರೆ. ನನ್ನ ಹತ್ತಿರ ಅಂಥ ಕತ್ತಿ ಇಲ್ಲ, ಲಟ್ಟಣಿಗೆ ತಗೊಂಡೆ. ಮಣೆ ಮೇಲೆ ಕಾಯಿ ಇಟ್ಟು ಒಂದು ಪೆಟ್ಟು ಕೊಟ್ಟರೆ ಸಿಪ್ಪೆ ಉದ್ದಕ್ಕೆ ಚರ್‍ರನೆ ಸೀಳಿತು, ಬೀಜದ ಲೋಳೆ ಗೋಡೆಗೆ ಹಾರಿತು. ಒಳಗಿದ್ದ ಅಮ್ಮ ಓಡಿ ಬಂದು, "ಎಂಥ ಮಾರಾಯ್ತಿ, ಹಾವಿಗೆ ಹೊಡೆದ ಹಾಗೆ ಹೊಡೀತಿದೀಯಲ್ಲೇ!" ಅಂದಳು. ಎರಡನೇ ಕಾಯಿಗೆ ಬಟ್ಟೆ ಮುಚ್ಚಿ, ಹೊಡೆಯುವ ಬದಲು ಅಂಗೈಯಿಂದ ಲಟ್ಟಣಿಗೆಯನ್ನು ಒತ್ತಿದೆ. ಇದೇ ಸರಿಯಾದ ದಾರಿ. ಸೀಳು ಬಿಡುತ್ತದೆ, ಪುಡಿಯಾಗುವುದಿಲ್ಲ. ಆಮೇಲೆ ಎರಡು ಬೆರಳಗಲ ಕೈಯಲ್ಲೇ ಮುರಿದುಕೊಳ್ಳುವುದು.

ಇಷ್ಟು ಗಲಾಟೆ ಯಾಕೆ, ಚಾಕುವಿನಲ್ಲಿ ಹೆಚ್ಚಿದರೆ ಆಗಲ್ವಾ ಅಂತ ನನಗೂ ಅನ್ನಿಸಿತ್ತು. ಅದಕ್ಕೇ ಕಾಲು ಕೆಜಿ ಜಜ್ಜಿ, ಕಾಲು ಕೆಜಿ ಹೆಚ್ಚಿ, ಒಂದೇ ಮಸಾಲೆಯನ್ನು ಎರಡಕ್ಕೂ ಸಮ ಹಂಚಿ ಕಲಸಿದೆ. ಹೆಚ್ಚಿದ ಹೋಳಿನ ಮೈ ನುಣುಪು, ಮಸಾಲೆ ಜಾರಿ ಕೆಳಗಿಳಿಯಿತು. ಜಜ್ಜಿದ್ದರ ಒಳಮೈ ಒರಟು, ಒಡೆದ ಗೋಡೆಯ ಹಾಗೆ ಸಂದುಗೊಂದು ಇರುತ್ತದೆ. ಬೆಳ್ಳುಳ್ಳಿ ಚೂರು, ಮೆಣಸಿನ ತರಿ ಎಲ್ಲ ಆ ಸಂದಿನಲ್ಲಿ ಹೋಗಿ ಕೂತಿತ್ತು. ತಟ್ಟೆಯಲ್ಲಿ ಯಾವುದು ಯಾವುದು ಅಂತ ಹೇಳದೆ ಇಟ್ಟೆ. ನಾಲ್ಕೂ ಜನ ಜಜ್ಜಿದ್ದನ್ನೇ ಖಾಲಿ ಮಾಡಿದರು.

ಅದರ ಮಸಾಲೆ ಅಳತೆ ಇದು: ಮೂರು ಎಸಳು ಬೆಳ್ಳುಳ್ಳಿ ಕೊಚ್ಚಿದ್ದು, ಒಂದು ದೊಡ್ಡ ಚಮಚ ಲೈಟ್ ಸೋಯಾ ಸಾಸ್, ಒಂದು ದೊಡ್ಡ ಚಮಚ ಕಪ್ಪು ವಿನೆಗರ್, ಒಂದೂವರೆ ಸಣ್ಣ ಚಮಚ ಸಕ್ಕರೆ, ಒಂದು ಸಣ್ಣ ಚಮಚ ಹುರಿದ ಎಳ್ಳಿನ ಎಣ್ಣೆ, ಮೇಲೆ ಒಂದೂವರೆ ದೊಡ್ಡ ಚಮಚ ಚಿಲ್ಲಿ ಎಣ್ಣೆ. ಸೋಯಾ ಕೊಳ್ಳುವಾಗ ಬಾಟಲಿ ಓದಿ. ಡಾರ್ಕ್ ಸೋಯಾ ಬಣ್ಣಕ್ಕೆ ಇರುವಂಥದ್ದು, ಸೌತೆಕಾಯಿಯನ್ನು ಸುಮ್ನೆ ಕಪ್ಪು ಮಾಡುತ್ತದೆ.

ಕಷ್ಟ ಬಂದಿದ್ದು ಹುಳಿಗೆ. ಚೀನಾದ ಕಪ್ಪು ವಿನೆಗರ್ ಅಂಟಕ್ಕಿ ಹುದುಗಿಸಿ ಮಾಗಿಸಿದ್ದು. ಝೆನ್‌ಜಿಯಾಂಗ್ ಊರಿನದ್ದು ಹೆಸರುವಾಸಿ. ಅದರಲ್ಲಿ ಹುಳಿಯ ಹಿಂದೆ ಒಂದು ಸಣ್ಣ ಸಿಹಿ, ಹೊಗೆಯ ವಾಸನೆ ಇರುತ್ತದೆ. ಶಿವಮೊಗ್ಗದ ಗಾಂಧಿ ಬಜಾರಿನಲ್ಲಿ ನಾನು ಕೇಳಿದ ಅಂಗಡಿಗಳಲ್ಲಿ ಸಿಗಲಿಲ್ಲ, ಸಿಕ್ಕಿದ್ದು ಬಿಳಿ ವಿನೆಗರ್. ಅದು ಮೂಗಿಗೆ ಹೊಡೆಯುತ್ತದೆ, ಬರೀ ಹುಳಿ, ಹಿಂದೆ ಏನೂ ಇಲ್ಲ. ನಿಂಬೆಹಣ್ಣು ಹಾಕಿದರೆ ಕೋಸಂಬರಿ ನೆನಪಾಗುತ್ತದೆ. ಆಮೇಲೆ ಹೊಳೆದಿದ್ದು ಕೊಡಗಿನ ಕಾಚಂಪುಳಿ. ಹಂದಿಮಾಂಸಕ್ಕೆ ಹಾಕುತ್ತಾರಲ್ಲ, ಅದೇ ಕಪ್ಪು ಮಂದ ಹುಳಿ. ನಮ್ಮ ಮಲೆನಾಡಿನಲ್ಲಿ ಉಪ್ಪಾಗೆ ಅನ್ನುವ ಹಣ್ಣಿನದ್ದೇ ರಸ, ಕುದಿಸಿ ಕುದಿಸಿ ಇಂಗಿಸಿದ್ದು. ಅರ್ಧ ಸಣ್ಣ ಚಮಚ ಕಾಚಂಪುಳಿಗೆ ಎರಡು ಸಣ್ಣ ಚಮಚ ನೀರು, ಚಿಟಿಕೆ ಬೆಲ್ಲ ಸೇರಿಸಿ ಹಾಕಿದೆ. ಚೀನಾದ್ದೇ ರುಚಿ ಬಂತು ಅಂತ ಹೇಳುವುದಿಲ್ಲ, ಬೆಂಗಳೂರಿನಿಂದ ತರಿಸಿದ ಕಪ್ಪು ವಿನೆಗರ್ ಪಕ್ಕದಲ್ಲಿಟ್ಟು ನೋಡಿದರೆ ಇದು ಜಾಸ್ತಿ ಚೂಪು. ಆದರೆ ಆ ಆಳ ಬಂತು, ಬಣ್ಣವೂ ಬಂತು. ಬಿಳಿ ವಿನೆಗರ್‌ಗಿಂತ ನೂರು ಪಾಲು ಮೇಲು.

ಚಿಲ್ಲಿ ಎಣ್ಣೆಯಲ್ಲಿ ಒಂದು ಸಲ ಕೆಟ್ಟೆ. ಮೂರು ದೊಡ್ಡ ಚಮಚ ಬ್ಯಾಡಗಿ ಮೆಣಸಿನ ತರಿ, ಒಂದು ಸಣ್ಣ ಚಮಚ ಎಳ್ಳು ಸ್ಟೀಲ್ ಬಟ್ಟಲಲ್ಲಿ ಹಾಕಿ, ಹೊಗೆಯಾಡುವ ಕಡಲೆಕಾಯಿ ಎಣ್ಣೆ ಅರ್ಧ ಕಪ್ ಒಮ್ಮೆಗೇ ಸುರಿದೆ. ಕಣ್ಣೆದುರೇ ಕಪ್ಪಾಯ್ತು, ಮನೆಯೆಲ್ಲ ಘಾಟು, ಎಣ್ಣೆ ಕಹಿ. ಈಗ ಒಲೆ ಆರಿಸಿ ಒಂದೆರಡು ನಿಮಿಷ ಕಾಯುತ್ತೇನೆ, ಒಂದೇ ಒಂದು ತರಿ ಹಾಕಿ ನೋಡುತ್ತೇನೆ. ಸುತ್ತ ಸಣ್ಣ ಗುಳ್ಳೆ ಎದ್ದು ಕೆಂಪಾಗೇ ಉಳಿದರೆ ಸರಿ, ತಕ್ಷಣ ಕಪ್ಪಾದರೆ ಇನ್ನೂ ಕಾಯಬೇಕು. ಸುರಿಯುವುದೂ ಎರಡು ಕಂತಿನಲ್ಲಿ.

ಸಿಚುವಾನ್ ಕಡೆಯವರು ಇದಕ್ಕೆ ನಾಲಿಗೆ ಜುಮ್ಮೆನ್ನಿಸುವ ಸಿಚುವಾನ್ ಪೆಪ್ಪರ್ ಸೇರಿಸುತ್ತಾರೆ. ನಮ್ಮ ಜುಮ್ಮನಕಾಯಿ ಅದೇ ಕುಲದ ಗಿಡ! ಮೀನು ಸಾರಿಗೆ ಹಾಕುತ್ತೇವಲ್ಲ, ಕೊಂಕಣಿಯವರು ತೆಪ್ಪಲ್ ಅನ್ನುತ್ತಾರಲ್ಲ, ಅದೇ. ಒಳಗಿನ ಕಪ್ಪು ಬೀಜ ತೆಗೆದು, ನಾಲ್ಕೈದು ಒಣ ಸಿಪ್ಪೆಯನ್ನು ಕುಟ್ಟಿ ಎಣ್ಣೆಗೆ ಹಾಕಿದೆ. ಸಿಚುವಾನ್ ಪೆಪ್ಪರ್‌ಗಿಂತ ಕಿತ್ತಳೆ ಸಿಪ್ಪೆಯ ವಾಸನೆ ಸ್ವಲ್ಪ ಜಾಸ್ತಿ, ಜುಮ್ಮು ಸ್ವಲ್ಪ ಕಡಿಮೆ, ಆದರೆ ಸೌತೆಕಾಯಿಗೆ ಎಷ್ಟು ಚೆನ್ನಾಗಿ ಒಗ್ಗುತ್ತದೆ ಅಂದರೆ ಈಗ ನನಗೆ ಆ ಪೆಪ್ಪರ್ ಬೇಡವೇ ಬೇಡ.

ಕೊರಿಯಾದವರ ಓಯಿ ಮುಚಿಮ್‌ಗೆ ಇಷ್ಟೆಲ್ಲ ತಯಾರಿ ಇಲ್ಲ. ಬಿಲ್ಲೆ ಬಿಲ್ಲೆಯಾಗಿ ಅರ್ಧ ಬೆರಳು ದಪ್ಪಕ್ಕೆ ಹೆಚ್ಚಿ, ಉಪ್ಪು ಹಚ್ಚಿ 15 ನಿಮಿಷ, ನೀರು ಬಸಿದು ಕಲಸುವುದು. ಬೆಳ್ಳುಳ್ಳಿ, ಈರುಳ್ಳಿ ಸೊಪ್ಪು, ಸೋಯಾ, ವಿನೆಗರ್, ಸಕ್ಕರೆ, ಎಳ್ಳಿನ ಎಣ್ಣೆ, ಎಳ್ಳು, ಮತ್ತೆ ಅವರ ಗೊಚುಗಾರು, ಅಂದರೆ ಬೀಜ ತೆಗೆದ ಕೆಂಪು ಮೆಣಸಿನ ತರಿ. ಇಲ್ಲಿ ಬಿಳಿ ವಿನೆಗರ್ ಕೂಡ ನಡೆಯುತ್ತದೆ, ಮೆಣಸಿನ ಸಿಹಿ ಅದನ್ನು ಮುಚ್ಚುತ್ತದೆ. ಮೊದಲ ಸಲ ಮನೆಯ ಸಾರಿನ ಖಾರದ ಪುಡಿ ಹಾಕಿದೆ. ನುಣ್ಣನೆ ಪುಡಿಯಾದ್ದರಿಂದ ಕೆಸರಿನ ಹಾಗೆ ಹೋಳಿಗೆ ಮೆತ್ತಿಕೊಂಡಿತು, ಅದು ಗುಂಟೂರು ಮೆಣಸಿನದ್ದಾದ್ದರಿಂದ ಎರಡು ಹೋಳಿಗಿಂತ ಹೆಚ್ಚು ತಿನ್ನಲೂ ಆಗಲಿಲ್ಲ. ಎರಡನೇ ಸಲ ಬ್ಯಾಡಗಿ ತಗೊಂಡೆ. ಗೊಚುಗಾರು ಗುಣವೇ ಬ್ಯಾಡಗಿಯ ಗುಣ: ಬಣ್ಣ ಜಾಸ್ತಿ, ಖಾರ ಕಡಿಮೆ. ಹತ್ತು ಮೆಣಸಿನಕಾಯಿಯ ತೊಟ್ಟು ಮುರಿದು, ಬೀಜ ಕೊಡವಿ, ಬಾಣಲೆಯಲ್ಲಿ ಬರೀ ಬೆಚ್ಚಗೆ ಮಾಡಿ (ಹುರಿಯಬಾರದು), ಮಿಕ್ಸಿಯಲ್ಲಿ ಎರಡೇ ಸುತ್ತು ತಿರುಗಿಸಿದರೆ ತರಿತರಿಯಾಗಿ ಸಿಗುತ್ತದೆ. ಎರಡು ಸಣ್ಣ ಚಮಚ ಸಾಕು. ಐದು ನಿಮಿಷದಲ್ಲಿ ತರಿ ನೆನೆದು ಹೋಳುಗಳೆಲ್ಲ ಕುಂಕುಮದ ಬಣ್ಣಕ್ಕೆ ತಿರುಗುತ್ತವೆ. ಚಿಕ್ಕ ಮಗನೂ ತಿಂದ.

ಎಳ್ಳೆಣ್ಣೆ ಬಗ್ಗೆ ಒಂದು ಮಾತು. ಗಾಣದ ಎಳ್ಳೆಣ್ಣೆ ಹಸಿ ಎಳ್ಳಿನದ್ದು, ಅವರದು ಹುರಿದ ಎಳ್ಳಿನದ್ದು. ವಾಸನೆ ಪೂರ್ತಿ ಬೇರೆ, ನಮ್ಮದನ್ನು ಹಾಕಿದರೆ ಉಪ್ಪಿನಕಾಯಿ ಘಮ ಬರುತ್ತದೆ. ಸಿಗದಿದ್ದರೆ ಒಂದು ದೊಡ್ಡ ಚಮಚ ಬಿಳಿ ಎಳ್ಳನ್ನು ಹೊಂಬಣ್ಣಕ್ಕೆ ಹುರಿದು ಕುಟ್ಟಿ ಹಾಕಿ, ಎಣ್ಣೆಯ ಗೋಜೇ ಬೇಡ.

ಥಾಯ್ ಬಗೆಯದು ತಾಮ್ ತೆಂಗ್. ಪಪ್ಪಾಯಿ ಕಾಯಿಯ ಸೋಮ್ ತಾಮ್ ಕೇಳಿರುತ್ತೀರಿ, ಅದರದ್ದೇ ಸೌತೆಕಾಯಿ ರೂಪ. ಒರಳಿನಲ್ಲಿ ಬೆಳ್ಳುಳ್ಳಿ, ಮೆಣಸು, ಬೆಲ್ಲ ಕುಟ್ಟಿ, ನಿಂಬೆರಸ, ಫಿಶ್ ಸಾಸ್ ಹಾಕಿ, ಟೊಮೆಟೊ, ಅಲಸಂದೆ ಕಾಯಿ, ಉದ್ದ ಸೀಳಿದ ಸೌತೆ ಸೇರಿಸಿ ಮೆಲ್ಲಗೆ ಕುಟ್ಟುತ್ತಾ ಮಗುಚುವುದು, ಮೇಲೆ ಹುರಿದ ಕಡಲೆಕಾಯಿ. ತಾಳೆ ಬೆಲ್ಲದ ಜಾಗಕ್ಕೆ ಜೋನಿ ಬೆಲ್ಲ, ಅವರ ಸಣ್ಣ ಮೆಣಸಿನ ಜಾಗಕ್ಕೆ ನಮ್ಮ ಸೂಜಿ ಮೆಣಸು. ಮೂರೇ ಸೂಜಿ ಮೆಣಸಿಗೆ ಕಣ್ಣಲ್ಲಿ ನೀರು ಬಂತು, ಆದರೂ ಕೈ ನಿಲ್ಲಲಿಲ್ಲ. ಮೊದಲ ತುತ್ತಿನ ಮಟ್ಟಿಗೆ ಹೇಳಿದರೆ ಮೂರರಲ್ಲಿ ಇದೇ ರುಚಿ. ತೊಂದರೆ ಎರಡು. ಫಿಶ್ ಸಾಸ್ ಬಿಟ್ಟು ಉಪ್ಪು-ಸೋಯಾದಲ್ಲಿ ಮಾಡಿದರೆ ಪೊಳ್ಳು ಅನ್ನಿಸುತ್ತದೆ, ಮೀನು ತಿನ್ನದವರ ಮನೆಗೆ ಇದನ್ನು ಹೇಳಲಾರೆ. ಮತ್ತೆ ಉಪ್ಪು ಹಚ್ಚಿ ನೀರು ತೆಗೆಯುವ ಕ್ರಮ ಇದರಲ್ಲಿ ಇಲ್ಲ, ಹಾಗಾಗಿ ಮಾಡಿದ ತಕ್ಷಣ ತಿನ್ನಬೇಕು. ಗಂಡ ಅರ್ಧ ಗಂಟೆ ತಡವಾಗಿ ಬಂದರು, ಅವರಿಗೆ ಸಿಕ್ಕಿದ್ದು ಸಾರು.

ಯಾವುದನ್ನೇ ಮಾಡಿ, ಪ್ರತಿ ಕಾಯಿಯ ತೊಟ್ಟಿನ ಕಡೆ ಒಂದು ಚೂರು ಕತ್ತರಿಸಿ ತಿಂದು ನೋಡಿ. ಕಹಿ ಸಾಮಾನ್ಯವಾಗಿ ಆ ತುದಿಯಲ್ಲೇ ಇರುತ್ತದೆ. ಕಾಯಿ ಪೂರ್ತಿ ಕಹಿಯಾಗಿದ್ದರೆ ಎಸೆಯಿರಿ, ಯಾವ ಮಸಾಲೆಯೂ ಅದನ್ನು ಮುಚ್ಚುವುದಿಲ್ಲ. ಎಳೆ ಕಾಯಿಯೇ ಬೇಕು. ಬೀಜ ಬಲಿತದ್ದಾದರೆ ಚಮಚದಲ್ಲಿ ತಿರುಳು ಕೆರೆದು ತೆಗೆದು ಕೊರಿಯಾದ್ದು ಮಾಡಬಹುದು, ಜಜ್ಜಲು ಬರುವುದಿಲ್ಲ.

ಊಟಕ್ಕೆ ಹೇಗೆ ಹೊಂದುತ್ತದೆ ಅನ್ನುವುದೂ ಮುಖ್ಯ ಅಲ್ವಾ. ಗಂಜಿ ಜೊತೆ ಕೊರಿಯಾದ್ದು ಉಪ್ಪಿನಕಾಯಿಯ ಕೆಲಸ ಮಾಡುತ್ತದೆ, ಫ್ರಿಜ್ಜಿನಲ್ಲಿ ಮಾರನೇ ದಿನದವರೆಗೂ ಚೆನ್ನಾಗಿರುತ್ತದೆ, ಬೆಳಿಗ್ಗೆ ಡಬ್ಬಿಗೂ ಹಾಕಬಹುದು. ಅದಕ್ಕೇ ವಾರಕ್ಕೆರಡು ಸಲ. ಜಜ್ಜಿದ್ದು ಒಂದೆರಡು ಗಂಟೆಯೊಳಗೆ ಮುಗಿಯಬೇಕು, ಹಾಗಾಗಿ ಭಾನುವಾರಕ್ಕೆ, ನೆಂಟರು ಬಂದ ದಿನಕ್ಕೆ. ಕಡುಬು, ಕೋಳಿ ಸಾರು ಇದ್ದ ದಿನ ಪಕ್ಕದಲ್ಲಿ ತಣ್ಣಗಿನ ಜಜ್ಜಿದ ಸೌತೆ ಇಟ್ಟಿದ್ದೆ. ಬಿಸಿ ಸಾರಿನ ಮಧ್ಯೆ ಆ ಹುಳಿ-ತಂಪು ಎಷ್ಟು ಹಿತ ಅಂದರೆ ಬಟ್ಟಲು ಎರಡು ಸಲ ತುಂಬಿಸಬೇಕಾಯ್ತು.

ಅಮ್ಮ ಸಲಾಡಿಗಿಂತ ಎಣ್ಣೆಗೆ ಮನಸೋತಳು. ಊರಿಗೆ ಹೊರಡುವ ಬೆಳಿಗ್ಗೆ ಅಕ್ಕಿರೊಟ್ಟಿಗೆ ಆ ಚಿಲ್ಲಿ ಎಣ್ಣೆ ಸವರಿಕೊಂಡು ತಿನ್ನುತ್ತಾ, "ಒಂದು ಬಾಟ್ಲಿ ಕಟ್ಟಿಕೊಡು, ಇನ್ನೊಂದು ನಾಲ್ಕು ಜುಮ್ಮನಕಾಯಿ ಜಾಸ್ತಿ ಹಾಕು, ಮುಂದಿನ ಸಲ ಮರದಿಂದ ನಾನೇ ತಂದುಕೊಡ್ತೀನಿ" ಅಂದಳು.