ಸರಿದಾಡುವ ಚಕ್ರವ್ಯೂಹ: ದಾವಣಗೆರೆಯ ಒಂದು ಮೇಜಿನಾಟದ ವಿಮರ್ಶೆ

ದಾವಣಗೆರೆಯ ವಿದ್ಯಾನಗರದಲ್ಲಿ, ಮನೆಯೊಂದರ ಮಹಡಿಯ ಮೇಲೆ, ವಾರಾಂತ್ಯದ ಸಂಜೆಗಳಲ್ಲಿ ಪಾತ್ರ ವಹಿಸಿ ಆಡುವ ಮೇಜಿನಾಟ ನಡೆಯುತ್ತದೆ. ಶುಲ್ಕ ತಲೆಗೆ 400 ರೂಪಾಯಿ, ಅವಧಿ ಸುಮಾರು ನಾಲ್ಕು ಗಂಟೆ. ನಿರೂಪಕರೊಬ್ಬರು ಸನ್ನಿವೇಶವನ್ನು ವರ್ಣಿಸುತ್ತಾರೆ, ಆಟಗಾರರು ತಮ್ಮ ಪಾತ್ರ ಏನು ಮಾಡುತ್ತದೆಂದು ಹೇಳುತ್ತಾರೆ, ಫಲ ಖಚಿತವಿಲ್ಲದ ಕಡೆ ಇಪ್ಪತ್ತು ಮುಖದ ದಾಳ ತೀರ್ಪು ಕೊಡುತ್ತದೆ. 1974ರಲ್ಲಿ ಅಮೆರಿಕದ ಗ್ಯಾರಿ ಗೈಗ್ಯಾಕ್ಸ್ ಮತ್ತು ಡೇವ್ ಆರ್ನೆಸನ್ ಹೊರತಂದ ಆಟದಿಂದ ಬೆಳೆದ ಪದ್ಧತಿ ಇದು. ಇಲ್ಲಿ ಈಗ ನಡೆಯುತ್ತಿರುವ ಕಥೆಯು ಹಲವು ಲೋಕಗಳ ನಡುವಿನ ಸಂದಿನಲ್ಲಿ ಕಟ್ಟಿರುವ, ನಿಂತಲ್ಲಿ ನಿಲ್ಲದ ಒಂದು ಚಕ್ರವ್ಯೂಹದ್ದು.

ಆಟದ ಜೀವಾಳವೆಂದರೆ ಮೇಜಿನ ಮೇಲಿನ ನಕ್ಷೆ. ಏಳಕ್ಕೆ ಏಳರಂತೆ 49 ಮರದ ಬಿಲ್ಲೆಗಳನ್ನು ಜೋಡಿಸಿದ್ದಾರೆ. ಅವುಗಳಲ್ಲಿ 16 ಅಲುಗದವು, ಉಳಿದವು ಸಾಲುಸಾಲಾಗಿ ಸರಿಯುವಂಥವು. ಜರ್ಮನಿಯ ಮ್ಯಾಕ್ಸ್ ಕೊಬ್ಬರ್ಟ್ ರೂಪಿಸಿ 1986ರಲ್ಲಿ ಪ್ರಕಟವಾದ ಹೆಸರಾಂತ ಆಟದ ವಿನ್ಯಾಸವೇ ಇದಕ್ಕೆ ಆಧಾರ. ಒಂದು ತುದಿಯಿಂದ ಬಿಲ್ಲೆಯನ್ನು ತಳ್ಳಿದರೆ ಇನ್ನೊಂದು ತುದಿಯಿಂದ ಒಂದು ಬಿಲ್ಲೆ ಹೊರಬೀಳುತ್ತದೆ, ಹೊರಬಿದ್ದದ್ದೇ ಮುಂದಿನ ಸಲ ಒಳಸೇರುತ್ತದೆ. ಈ ಸರಳ ನಿಯಮಕ್ಕೆ ನಿರೂಪಕರು ಭಯವನ್ನು ಬೆರೆಸಿದ್ದಾರೆ. ಹೊರಬಿದ್ದ ಬಿಲ್ಲೆ ಬೇರೊಂದು ಲೋಕಕ್ಕೆ ಹೋಗಿರುತ್ತದೆ, ಅದರ ಮೇಲೆ ನಿಂತಿದ್ದವರೂ ಅದರೊಂದಿಗೆ ಹೋಗಿರುತ್ತಾರೆ, ಮರಳಿ ಬರುವಾಗ ಅದು ಆ ಲೋಕವನ್ನಷ್ಟು ಹೊತ್ತು ತರುತ್ತದೆ. ನಮ್ಮ ಆಟದಲ್ಲಿ ಒಂದು ಬಿಲ್ಲೆ ಮೊಣಕಾಲುದ್ದದ ಉಪ್ಪುನೀರಿನೊಂದಿಗೆ ಬಂದಿತು, ಇನ್ನೊಂದು ಬೂದಿಯ ಮಳೆಯೊಂದಿಗೆ.

ಗೋಡೆಗೆ ಒಂದು ಕೈ ಹಚ್ಚಿಕೊಂಡು ಬಿಡದೆ ನಡೆದರೆ ಎಂಥ ಜಟಿಲ ದಾರಿಯಿಂದಲೂ ಹೊರಬರಬಹುದೆಂಬ ಹಳೆಯ ಉಪಾಯವನ್ನು ನಮ್ಮ ತಂಡದಲ್ಲಿದ್ದ ಎಂಜಿನಿಯರಿಂಗ್ ವಿದ್ಯಾರ್ಥಿಗಳು ಮೊದಲು ಪ್ರಯೋಗಿಸಿದರು. ಗೋಡೆಗಳೆಲ್ಲ ಒಂದಕ್ಕೊಂದು ಕೂಡಿಕೊಂಡಿದ್ದು, ಸ್ಥಿರವಾಗಿದ್ದರೆ ಮಾತ್ರ ಆ ಉಪಾಯ ಫಲಿಸುತ್ತದೆ. ಇಲ್ಲಿ ಕೈಯಡಿಯ ಗೋಡೆಯೇ ಜರುಗಿ ಹೋಯಿತು. ಬಳಿಕ ಸೀಮೆಸುಣ್ಣದ ಗುರುತು ಹಾಕತೊಡಗಿದರು. ಗುರುತುಗಳು ತೀರ ಅನಿರೀಕ್ಷಿತ ಜಾಗಗಳಲ್ಲಿ ಕಾಣಿಸಿಕೊಂಡಾಗ ಎಲ್ಲರಿಗೂ ಗಾಬರಿಯಾಯಿತಾದರೂ, ಆ ಗುರುತು ದಾರಿಯದ್ದಲ್ಲ, ಬಿಲ್ಲೆಯದ್ದು ಎಂಬುದು ಹೊಳೆದ ಕ್ಷಣದಿಂದ ಆಟದ ಸ್ವರೂಪವೇ ಬದಲಾಯಿತು. ಯಾವ ಬಿಲ್ಲೆ ಎಲ್ಲಿಂದ ಎಲ್ಲಿಗೆ ಸರಿಯಿತೆಂದು ಲೆಕ್ಕ ಇಟ್ಟಾಗ, ನಾವು ಬಾಗಿಲು ತೆರೆದ ಸಾಲೇ ಆಟದ ನಡುವೆ ಬಾರಿಸುವ ಗಂಟೆಯ ಮುಂದಿನ ನಾದಕ್ಕೆ ಸರಿಯುತ್ತದೆಂಬ ಗುಟ್ಟು ಬಯಲಾಯಿತು. ಚಕ್ರವ್ಯೂಹವನ್ನು ಕದಲಿಸುತ್ತಿದ್ದವರು ನಾವೇ! ಅಲ್ಲಿಂದ ಮುಂದೆ ಪ್ರತಿಯೊಂದು ಬಾಗಿಲಿಗೂ ವಾದವಾಯಿತು. ಬೇರೆ ಲೋಕಕ್ಕೆ ಜಾರಿದ ಸಂಗಾತಿಯನ್ನು ಮರಳಿ ತರುವುದಕ್ಕೆಂದೇ, ಇನ್ನೊಬ್ಬರು ಅಪಾಯಕ್ಕೆ ಸಿಲುಕುತ್ತಾರೆಂದು ತಿಳಿದೂ, ಒಂದು ಬಾಗಿಲನ್ನು ತೆರೆದೆವು. ಶುಲ್ಕದ ಹಣ ಸಾರ್ಥಕವಾದದ್ದು ಈ ಭಾಗದಲ್ಲಿ.

ನಾನು ಚಿತ್ರದುರ್ಗದವನಾದ್ದರಿಂದ ಏಳು ಸುತ್ತಿನ ಕೋಟೆಯ ಅಳತೆಗೋಲು ತಾನಾಗಿ ಕೈಗೆ ಬರುತ್ತದೆ. ಅಲ್ಲಿನ ದಾರಿಗಳು ಇಕ್ಕಟ್ಟಾಗಿ ತಿರುವು ಪಡೆಯುವುದು ಆನೆಗಳು ಓಡಿಬಂದು ಹೆಬ್ಬಾಗಿಲಿಗೆ ಹಾಯದಿರಲೆಂದು. ಓಬವ್ವ ಕಾದು ನಿಂತಳೆನ್ನುವ ಕಿಂಡಿಯಲ್ಲಿ ಒಬ್ಬೊಬ್ಬರೇ ನುಸುಳಬೇಕಾದ್ದರಿಂದಲೇ ಒಂದು ಒನಕೆ ಸೈನ್ಯವನ್ನು ತಡೆಯಿತು. ದಾರಿ ತಪ್ಪಿಸುವ ಕಟ್ಟಡಕ್ಕೆ ಹೀಗೆ ಒಂದು ತರ್ಕ ಇರಬೇಕು, ಒಳಹೊಕ್ಕವನ ಬುದ್ಧಿಗೆ ಅದು ಕಷ್ಟಪಟ್ಟಾದರೂ ಎಟುಕಬೇಕು. ಮೊದಲ ಮೂರು ಗಂಟೆಗಳ ಆಟ ಈ ಪರೀಕ್ಷೆಯಲ್ಲಿ ಗೆಲ್ಲುತ್ತದೆ.

ಕೊನೆಯ ಗಂಟೆ ಸೋಲುತ್ತದೆ. ನಡುಮನೆಯ ದ್ವಾರಪಾಲಕನ ಮುಂದೆ ಬಂದಾಗ, ಅಲ್ಲಿಯವರೆಗೆ ಕಲಿತ ನಿಯಮಗಳನ್ನೆಲ್ಲ ಬದಿಗಿಟ್ಟು, ಪ್ರತಿಯೊಬ್ಬರೂ ದಾಳ ಎಸೆದು 15 ಅಥವಾ ಹೆಚ್ಚು ತರಬೇಕೆಂದು ನಿರೂಪಕರು ವಿಧಿಸಿದರು. ಇಪ್ಪತ್ತು ಮುಖಗಳಲ್ಲಿ ಆರಕ್ಕೆ ಮಾತ್ರ ಗೆಲುವು, ಅಂದರೆ ಶೇಕಡ 30ರ ಸಾಧ್ಯತೆ. ಬಿಲ್ಲೆಗಳ ಲೆಕ್ಕವನ್ನು ಕಾಗದದಲ್ಲಿ ಬರೆದಿಟ್ಟುಕೊಂಡಿದ್ದ ಹುಡುಗಿ 4 ಎಸೆದು ಹೊರಬಿದ್ದಳು. ಸಂಜೆಯುದ್ದಕ್ಕೂ ಮೊಬೈಲ್ ನೋಡುತ್ತಿದ್ದವನು 19 ಎಸೆದು ಉಳಿದ. ದ್ವಾರಪಾಲಕನನ್ನು ಸಾಲು ಸರಿಸಿಯೇ ಗೆಲ್ಲುವ ಒಂದು ದಾರಿಯನ್ನಾದರೂ ಇಟ್ಟಿದ್ದರೆ ಈ ದೂರು ಇರುತ್ತಿರಲಿಲ್ಲ. ಆಟ ಮುಗಿದ ಮೇಲೆ ಇದನ್ನು ಹೇಳಿದಾಗ ನಿರೂಪಕರು ಸಮಾಧಾನದಿಂದ ಕೇಳಿ ಬರೆದುಕೊಂಡರೆಂಬುದನ್ನೂ ಹೇಳಬೇಕು.

ನಿರೂಪಣೆ ಸಂಪೂರ್ಣ ಕನ್ನಡದಲ್ಲಿದೆ, ಅದೂ ಪುಸ್ತಕದ ಬಿಗುವಿಲ್ಲದ ಕನ್ನಡದಲ್ಲಿ. ಹಳೇಬೀಡಿನ ಗೋಡೆಯ ಮೇಲೆ ಕೆತ್ತಿರುವ ಚಕ್ರವ್ಯೂಹದ ಚಿತ್ರವನ್ನು ಆರಂಭದಲ್ಲಿ ತೋರಿಸಿ ಅಭಿಮನ್ಯುವನ್ನು ನೆನಪಿಸಿದ್ದು ಹೊಸಬರಿಗೆ ಬಹಳ ನೆರವಾಯಿತು. ಬೆಳಕು ಸಾಲದು, ಫ್ಯಾನಿನ ಸದ್ದಿಗೆ ಮೇಜಿನ ಆ ತುದಿಯವರಿಗೆ ಮಾತು ಕೇಳಿಸುವುದಿಲ್ಲ. ನಡುವೆ ಕೊಡುವ ಮಂಡಕ್ಕಿ, ಮಿರ್ಚಿ ರುಚಿಯಾಗಿವೆ, ಆದರೆ ಎಣ್ಣೆಗೈಯಲ್ಲಿ ಬಿಲ್ಲೆ ಮುಟ್ಟುವವರನ್ನು ಯಾರೂ ತಡೆಯದ್ದರಿಂದ ಕೆಲವು ಬಿಲ್ಲೆಗಳ ಗೆರೆಗಳು ಆಗಲೇ ಮಾಸಿವೆ.

ಹನ್ನೆರಡು ವರ್ಷದೊಳಗಿನ ಮಕ್ಕಳಿಗೆ ಈ ಕಥೆ ದೀರ್ಘವಾಗುತ್ತದೆ. ಒಂದು ಮೇಜಿಗೆ ಐವರು ಸಾಕು. ಏಳು ಜನರನ್ನು ಕೂರಿಸಿದ ದಿನ ಸರದಿಗಾಗಿ ಕಾಯುವುದರಲ್ಲೇ ಹೊತ್ತು ಹೋಗುವುದರಿಂದ, ಹೆಸರು ನೋಂದಾಯಿಸುವಾಗಲೇ ಎಷ್ಟು ಜನ ಇದ್ದಾರೆಂದು ಕೇಳಿಕೊಳ್ಳುವುದು ಒಳ್ಳೆಯದು.